ಬೀಜ ತೆಗೆಯದ ಚೆರ್ರಿ

ತಮ್ಮ ಎಕಾರ್ಟ್‌ಗೆ ಅಕ್ಕನ ಆಶೀರ್ವಾದ.

ಈ ದ್ವೀಪದ ಆರೋಗ್ಯಧಾಮದಲ್ಲಿ ನಿನ್ನೆ ನಮ್ಮೂರಿನ ಚೆರ್ರಿ ತಿನಿಸು ಕಿರ್ಶನ್‌ಮಿಶೆಲ್ ಬಡಿಸಿದರು. ಹಳೇ ಬ್ರೆಡ್ಡು, ಮೊಟ್ಟೆ, ಒಲೆಯ ಹದ ಎಲ್ಲ ಸರಿಯಾಗಿತ್ತು. ಚೆರ್ರಿಯ ಬೀಜ ಮಾತ್ರ ತೆಗೆದುಬಿಟ್ಟಿದ್ದರು. ಎಲ್ಲರೂ ಗಬಗಬನೆ ತಿಂದು ಎದ್ದು ಹೋದರು.

"ನಮ್ಮಲ್ಲಿ ಬೀಜ ತೆಗೆಯಲ್ಲ" ಅಂದೆ, ಪಕ್ಕದಲ್ಲಿದ್ದ ಗೆಸೀನೆ ಅಜ್ಜಿಗೆ.

"ಅಷ್ಟೊಂದು ಸೋಮಾರಿಗಳೇನಮ್ಮ ನೀವು?" ಅಂದರು.

ನಕ್ಕೆ. ಆದರೆ ಬೀಜಗಳನ್ನು ಒಂದೊಂದಾಗಿ ತಟ್ಟೆಯಂಚಿಗೆ ಇಡಬೇಕಾಗಿದ್ದರಿಂದಲೇ ಅಮ್ಮನ ಮೇಜಿನಲ್ಲಿ ನಾವು ಅಷ್ಟು ಹೊತ್ತು ಮಾತಾಡುತ್ತಾ ಕೂತಿರುತ್ತಿದ್ದೆವು ಎಂದು ಹೊಳೆದದ್ದು ಆಗಲೇ.

ನನ್ನ ಕೆಮ್ಮು ಕಡಿಮೆಯಾಗಿದೆ. ಜಗಳವಾದ ಮೇಲೆ ಮೊದಲ ಸಲ ಅಪ್ಪ ಭಾನುವಾರ ನಿನ್ನ ಮನೆಗೆ ಊಟಕ್ಕೆ ಬರುತ್ತಾರಂತೆ. ಕಿರ್ಶನ್‌ಮಿಶೆಲ್ ಮಾಡು. ಬೀಜ ತೆಗೆಯಬೇಡ.

ಅಂಚೆಯವನು ಹೊರಟ.
ರೋಸ್‌ವಿಟಾ