ಎರಡನೇ ಪ್ರತಿ

ಮಾರ್ಚ್ 3, ಬೆಳಿಗ್ಗೆ
ಬೀಗದ ಅಂಗಡಿ ತೆಗೆದೆ. ಕೀಲಿ ಕೊರೆಯುವ ಮಷಿನ್ ಮತ್ತೆ ಕಿರುಗುಡುತ್ತಿದೆ. ಎಣ್ಣೆ ಬಿಟ್ಟೆ. ಹಿಂದಿನ ಕೋಣೆಯಲ್ಲಿ ಮಗಳು ಹನ್ನೊಂದನೇ ದಿನವೂ ಕಂಪ್ಯೂಟರಿಗೆ ಅಂಟಿಕೊಂಡಿದ್ದಾಳೆ. ಹೊಸ ಗೇಮ್ ಒಂದಕ್ಕೆ, ದುಡ್ಡು ಕೊಡದವರು ಆಡದಂತೆ ಕಂಪನಿ ಇಟ್ಟ ಕಾವಲು ಮುರಿದು ಲೋಕಕ್ಕೆಲ್ಲ ಪುಕ್ಕಟೆ ಹಂಚಬೇಕಂತೆ. ಗುಂಪಿನಲ್ಲಿ ಆರು ಜನ. ಯಾರ ಮುಖವನ್ನೂ ಯಾರೂ ನೋಡಿಲ್ಲ. ಅಲ್ಲಿ ಇವಳ ಹೆಸರು ಗೆದ್ದಲು. ನಾನಿಟ್ಟ ಹೆಸರಿಗೇನು ದಾಡಿ?
"ಕಳ್ಳತನ ಅಲ್ವೇನೇ ಇದು?"
"ನೀನು ಬೀಗ ಒಡೆಯಲ್ವಾ?"
"ಮನೆಯವರು ಕರೆದ್ರೆ ಮಾತ್ರ, ಕತ್ತೆ!"

ಮಾರ್ಚ್ 5
ಮುರಿದಳು. ಇನ್ನೊಂದು ಗುಂಪೂ ಇನ್ನೇನು ಮುರಿಯುತ್ತದಂತೆ. ಮೊದಲು ಬಿಟ್ಟವರಿಗಷ್ಟೇ ಹೆಸರು. ಇವರದೊಂದು ಕಟ್ಟುನಿಟ್ಟು ಉಂಟು — ಇಬ್ಬರು ಬೇರೆ ಬೇರೆಯಾಗಿ ಕೊಂಡು, ಎರಡು ಪ್ರತಿ ಹೋಲಿಸಬೇಕು. ವ್ಯತ್ಯಾಸವಿದ್ದರೆ ಅದು ಕಂಪನಿ ಒಳಗೆ ಅಡಗಿಸಿಟ್ಟ, ಕೊಂಡವನ ಗುಟ್ಟಿನ ಗುರುತು. ಅದನ್ನು ಅಳಿಸಿದ ಮೇಲೇ ಗೇಮನ್ನು ಹೊರಗೆ ಬಿಡಬೇಕು. ಗುಂಪಿನ ಇನ್ನೊಬ್ಬ ಕೊಂಡ ಎರಡನೇ ಪ್ರತಿ ನಾಳೆ ಬರುವುದಿತ್ತು. ಕಾಯಲಿಲ್ಲ ಮಹಾರಾಯಿತಿ. ಮಧ್ಯಾಹ್ನವೇ ಬಿಟ್ಟಳು. ಕುಣಿದಳು. ನನಗೂ ಒಳಗೊಳಗೇ... ಇರಲಿ.

ಮಾರ್ಚ್ 6
ಎರಡನೇ ಪ್ರತಿ ಬಂತು. ಮಗಳು ಎರಡನ್ನೂ ಹೋಲಿಸಿದಳು. ಹದಿನಾರು ಅಂಕಿ ಬೇರೆ.
"ಯಾರ ಗುರುತು ಅದು?"
ತಲೆ ತಗ್ಗಿಸಿದಳು. "ನಿಂದು. ನನ್ನ ಹೆಸರು ಎಲ್ಲೂ ಬರಬಾರ್ದು ಅಂತ ನಿನ್ನ ಹೆಸರಲ್ಲಿ ತಗೊಂಡಿದ್ದೆ ಅಪ್ಪ."
ಟೀ ಲೋಟ ಗೋಡೆಗೆ ಬಡಿದೆ.
"ವಾಪಸ್ ತಗೋ!"
"ಎರಡು ಲಕ್ಷ ಜನ ಇಳಿಸ್ಕೊಂಡಾಯ್ತು."

ಮಾರ್ಚ್ 19
ನೋಟಿಸು. ಗೇಮಿನ ಕಂಪನಿ ದೂರು ಕೊಟ್ಟಿದೆ. ನಾಳೆ ಹನ್ನೊಂದಕ್ಕೆ ನಾನು ಠಾಣೆಗೆ ಹೋಗಿ ಹೇಳಿಕೆ ಕೊಡಬೇಕು. ಕಂಪ್ಯೂಟರನ್ನೂ ಒಪ್ಪಿಸಬೇಕು.
"ನಾನೇ ಮಾಡಿದ್ದು ಅಂತೀನಿ," ಎಂದಳು.
"ಬಾಯ್ಮುಚ್ಚು. ಗುರುತು ನಂದು, ಮಾಡಿದ್ದೂ ನಾನೇ."
"ಏಳನೇ ಕ್ಲಾಸಿಗೆ ಸ್ಕೂಲ್ ಬಿಟ್ಟೋನು ನೀನು. ಮೌಸ್ ಹಿಡಿಯೋಕೆ ಬರಲ್ಲ. ಯಾರಪ್ಪ ನಂಬ್ತಾರೆ?"
"ಹಂಗಾದ್ರೆ ಕಲಿಸು."
ಸಂಜೆವರೆಗೂ ಕಲಿಸಿದಳು. ನಗುತ್ತಾ ಶುರು ಮಾಡಿದವಳು, ಅಳುತ್ತಾ ಮುಗಿಸಿದಳು. ಹೆಣ್ಣು ಜನ್ಮಕ್ಕೆ ಇಷ್ಟು ಮೊಂಡುತನ ಎಲ್ಲಿಂದ ಬಂತೋ. ನನ್ನಿಂದಲೇ, ಇನ್ನೆಲ್ಲಿಂದ.

ಮಾರ್ಚ್ 20, ಹತ್ತೂವರೆ
ಇಸ್ತ್ರಿ ಅಂಗಿ ಹಾಕಿಕೊಂಡೆ. ಕೊನೆಯ ಸಲ ಬಾಯಿಪಾಠ. ಗೇಮು ಶುರುವಾಗುವಾಗ ಕಂಪನಿಯನ್ನು ಕೇಳುತ್ತದೆ — ಇವನು ಕೊಂಡವನೇ? ಆ ಪ್ರಶ್ನೆ ಹೊರಡುವ ಜಾಗ ಹುಡುಕಿದೆ. ಹೌದು ಎಂಬ ಉತ್ತರ ಅಲ್ಲೇ ಬರೆದಿಟ್ಟೆ. ಆಮೇಲೆ... ಆಮೇಲೇನು? ಕೇಳೋಣವೆಂದು ಕೂಗಿದೆ. ಹಿಂದಕ್ಕೆ ಹೋದೆ.
ಕೋಣೆ ಖಾಲಿ. ಮೇಜಿನ ಮೇಲೆ ಕಂಪ್ಯೂಟರಿಲ್ಲ. ನೋಟಿಸೂ ಇಲ್ಲ. ಅವಳ ಚಪ್ಪಲಿಯೂ.
ಠಾಣೆ ಎರಡು ಬೀದಿ ಆಚೆ. ಈಗ ಓಡಿದರೆ ಇನ್ನೂ —