ಅಪ್ಪ ತುಂಬಿಟ್ಟ ಟ್ಯಾಂಕು

ಮನೆ, ಅಡುಗೆಮನೆಯ ಮೇಜು
ಗುರುವಾರ, ನವೆಂಬರ್ ೧೪

ಪ್ರೀತಿಯ ಅಕ್ಕಾ,

ನಿನ್ನ ಕೆಮ್ಮು ಕಡಿಮೆಯಾಯಿತೇ? ಪ್ರಯೋಗಾಲಯದಲ್ಲಿ ಲಕ್ಷಗಟ್ಟಲೆ ನುಸಿ ಸಾಕುವವಳಿಗೆ ತನ್ನದೊಂದು ಗಂಟಲು ಸಾಕಿಕೊಳ್ಳಲು ಆಗುವುದಿಲ್ಲವೇ? ಅಮ್ಮ ಆರೋಗ್ಯವಾಗಿದ್ದಾಳೆ. ಊಟಕ್ಕೆ ಮೂರು ತಟ್ಟೆ ಇಡುತ್ತಾಳೆ, ಒಂದನ್ನು ವಾಪಸ್ ಒಯ್ಯುತ್ತಾಳೆ. ನಾನೂ ಚೆನ್ನಾಗಿದ್ದೇನೆ, ಅಂದರೆ, ಹಲ್ಲು ಕೀಳಿಸಿಕೊಂಡ ಮೇಲೆ ತುಟಿ ಚೆನ್ನಾಗಿರುತ್ತದಲ್ಲ, ಹಾಗೆ. ಇದೆಯೋ ಇಲ್ಲವೋ ಎಂದು ಮುಟ್ಟಿ ನೋಡಿಕೊಳ್ಳಬೇಕು. ಅಪ್ಪ ಹೋಗಿ ನಾಳೆಗೆ ಒಂದು ವಾರ. ಅಳು ಇನ್ನೂ ದಾರಿಯಲ್ಲಿರಬೇಕು, ತಲುಪಿದ ಕೂಡಲೇ ತಿಳಿಸುತ್ತೇನೆ.

ಹೇಳಬೇಕಾದ್ದು ಬೇರೆ ಇದೆ. ಸುತ್ತಿ ಬಳಸಿ ಬರುತ್ತೇನೆ, ಸಿಟ್ಟಾಗಬೇಡ. ಔಷಧಿ ಹೊಡೆಯುವ ವಿಷಯಕ್ಕೆ ನೀನೂ ಅಪ್ಪನೂ ಮಾತು ಬಿಟ್ಟು ಎರಡು ವರ್ಷ. ಆದರೂ ಎಂಟು ವಾರದ ಹಿಂದೆ ನೀನು ಮೊದಲ ಸೀಸೆ ಕಳಿಸಿದೆ. ಆಗ ನಮ್ಮ ಪಾಲಿಹೌಸಿನ ಸೌತೆ ಬಳ್ಳಿಗಳಲ್ಲಿ ಜೇಡನುಸಿ ಎಲೆಯಡಿ ಬಲೆ ನೇಯ್ದು ಕೂತಿತ್ತು. ಎಲೆಯೆಲ್ಲ ಸೂಜಿ ಚುಚ್ಚಿದ ಹಾಗೆ ಬಿಳಿ ಚುಕ್ಕೆ. ಅಪ್ಪ ಸೀಸೆಯನ್ನು ಬೆಳಕಿಗೆ ಹಿಡಿದು, "ಇರೋ ಹುಳ ಸಾಲದು ಅಂತ ನಿಮ್ಮಕ್ಕ ಪಾರ್ಸೆಲ್ ಬೇರೆ ಮಾಡಿದಾಳೆ ನೋಡೋ" ಎಂದ. ಇವು ಜೇಡನುಸಿಯನ್ನು ತಿನ್ನುವ ನುಸಿ ಎಂದು ನಾನು ಹೇಳಿದ್ದಕ್ಕೆ, "ಕಳ್ಳನ್ನ ಹಿಡಿಯೋಕೆ ಕಳ್ಳನ ತಮ್ಮನ್ನೇ ಕರೆದಂಗಾಯ್ತು" ಎಂದು ಕಪಾಟಿನ ಮೇಲಿಟ್ಟ. ಅವನ ತಲೆಯಲ್ಲಿ ಹುಳ ಬಿಡಲು ನಿನ್ನಿಂದಲೇ ಆಗಲಿಲ್ಲ, ಇನ್ನು ನನ್ನಿಂದಾಗುತ್ತದೆಯೇ? ಅವನು ಪೇಟೆಗೆ ಹೋದ ದಿನ ಸೀಸೆಯ ಹೊಟ್ಟನ್ನೆಲ್ಲ, ನುಸಿಯ ಸಮೇತ, ಆರೂ ಸಾಲಿನ ಎಲೆಗಳ ಮೇಲೆ ಉದುರಿಸಿಬಿಟ್ಟೆ. ಸೋಮವಾರ ಬೆಳಿಗ್ಗೆ ಅಪ್ಪ ಎಂದಿನಂತೆ ಮಾಸ್ಕು ಕಟ್ಟಿ, ಟ್ಯಾಂಕು ಬೆನ್ನಿಗೇರಿಸಿ, ನನ್ನನ್ನು ಹೊರಗಟ್ಟಿ ಆರೂ ಸಾಲಿಗೆ ಹೊಡೆದ. ಎಲ್ಲ ಸತ್ತವೆಂದು ನಿನಗೆ ಬರೆದೆ. "ಕೊಲ್ಲೋ ಮನೆಗೆ ನಾನು ಬರೋದಿಲ್ಲ" ಎಂದು ಒಂದೇ ಸಾಲಿನ ಉತ್ತರ ಬಂತು. ಅಪ್ಪ ಅದನ್ನು ಓದಿದ, ನಾಲ್ಕು ಮಡಿಕೆ ಮಾಡಿ ಜೇಬಿಗಿಟ್ಟುಕೊಂಡ. ಆಮೇಲೆ ಜೇಡನುಸಿ ವಾರ ವಾರಕ್ಕೂ ಕಡಿಮೆಯಾಯಿತು. ಆ ಮರ್ಯಾದೆಯನ್ನೂ ಅಪ್ಪನ ಔಷಧಿಗೇ ಕೊಟ್ಟೆ.

ಶನಿವಾರ ನೀನು ಬಂದೆ, ಎಲ್ಲರ ಹಿಂದೆ ನಿಂತೆ. ಹೊರಡುವಾಗ ಪಾಲಿಹೌಸಿನ ಬಾಗಿಲವರೆಗೆ ನಡೆದು, ಒಳಗೆ ಕಾಲಿಡದೆ, ಚೀಲದಿಂದ ಇನ್ನೊಂದು ಸೀಸೆ ತೆಗೆದು ನನ್ನ ಕೈಗಿಟ್ಟೆ. "ಈಗ ಹೊಡೆಯೋರು ಯಾರೂ ಇಲ್ವಲ್ಲ, ಬಿಡು" ಎಂದೆ. ಭಾನುವಾರ ನಾನು ಮೊದಲ ಮೂರು ಸಾಲಿಗೆ ಉದುರಿಸುವಷ್ಟರಲ್ಲಿ ಸೀಸೆ ಮುಗಿಯಿತು. ಸೋಮವಾರ ಬೆಳಿಗ್ಗೆ ಎಚ್ಚರವಾಯಿತು, ಎದ್ದೆ. ಮೂಲೆಯಲ್ಲಿ ಅಪ್ಪ ತುಂಬಿಟ್ಟು ಹೋದ ಟ್ಯಾಂಕು. ಮೊಳೆಗೆ ಅವನ ಮಾಸ್ಕು. ಸೋಮವಾರ ಬಂದರೆ ಈ ಮನೆಯಲ್ಲಿ ಹೊಡೆಯುತ್ತಾರೆ, ನನ್ನ ತಲೆಯಲ್ಲಿದ್ದದ್ದು ಅಷ್ಟೇ. ಮಾಸ್ಕಿನ ಪಟ್ಟಿ ಅವನ ತಲೆಯ ಅಳತೆಗೇ ಇತ್ತು. ಬಿಗಿಮಾಡದೆ ಹಾಗೇ ಕಟ್ಟಿಕೊಂಡೆ. ಆರನೇ ಸಾಲಿನ ಕೊನೆಯ ಬಳ್ಳಿಯ ಹತ್ತಿರ ಟ್ಯಾಂಕು ಗೊರಗೊರ ಎಂದು ಖಾಲಿಯಾದಾಗ ನಿನ್ನ ಸೀಸೆ ನೆನಪಾಯಿತು. ಹೊಡೆಯೋರು ಇದ್ದಾರೆ ಅಕ್ಕಾ. ನಾನಿದ್ದೇನೆ. ಅಲ್ಲೇ ಬಕೆಟ್ಟು ಬೋರಲು ಹಾಕಿ ಕೂತೆ. ಕಾಲುಚೀಲ ಒದ್ದೆಯಾಗಿದೆ ಎನ್ನಿಸಿತು, ಬೇರೇನೂ ಅನ್ನಿಸಲಿಲ್ಲ. ಮೂರು ದಿನದಿಂದ ಒಳಗೆ ಹೋಗಿಲ್ಲ. ಸೌತೆಕಾಯಿಗಳು ನನಗಿಂತ ಬಲಿತಿರಬೇಕು.

ನೀನು ಇನ್ನು ಬರುವುದಿಲ್ಲವೇನೋ. ಬೈಯುವುದಿದ್ದರೆ ದಯವಿಟ್ಟು ಉದ್ದಕ್ಕೆ ಬೈದು ಬರೆ, ಒಂದೇ ಸಾಲಿನದು ಬೇಡ. ಅಮ್ಮನ ಆಶೀರ್ವಾದವನ್ನೂ ನನ್ನ ನಮಸ್ಕಾರವನ್ನೂ ಒಂದೇ ಲಕೋಟೆಯಲ್ಲಿ ತುರುಕಿದ್ದೇನೆ, ಬೇರ್ಪಡಿಸಿಕೋ.

ಕೀಟ ಸಾಕುವವಳ ಕೀಟಲೆಯ
ತಮ್ಮ

ತಾ.ಕ.: ಲಕೋಟೆ ಅಂಟಿಸುವ ಮೊದಲು ಅಮ್ಮನಿಗೆ ಓದಿ ಹೇಳಿದೆ. ಅವಳು ತಟ್ಟೆ ಒರೆಸುತ್ತಲೇ, "ಆ ಟ್ಯಾಂಕಲ್ಲಿದ್ದಿದ್ದು ನೀರು ಕಣೋ" ಎಂದಳು. ಎಂಟು ವಾರದಿಂದಲೂ ನೀರೇ ಅಂತೆ. ಕಪಾಟಿನ ಮೇಲೆ ಖಾಲಿ ಸೀಸೆ ಕಂಡಾಗಲೇ ಅಪ್ಪನಿಗೆ ಎಲ್ಲ ಗೊತ್ತಾಗಿತ್ತಂತೆ. "ಅವನಿಗೆ ಹೇಳಿದ್ರೆ ಅವಳಿಗೆ ಊದ್ತಾನೆ. ಅವಳೇ ಬಂದು ಎಲೆ ತಿರುವಿ ನೋಡ್ಲಿ, ಅಲ್ಲೀವರೆಗೂ ನೀನು ಬಾಯಿ ಬಿಡಬೇಡ" ಎಂದಿದ್ದನಂತೆ. ಶನಿವಾರವಾದರೂ ಹೇಳಬಾರದಿತ್ತೇ ಎಂದರೆ, "ಅವಳು ಒಳಗೇ ಹೋಗ್ಲಿಲ್ವಲ್ಲ" ಎನ್ನುತ್ತಾಳೆ. ನಿನ್ನ ಹಳೆಯ ಭೂತಗನ್ನಡಿ ಹಿಡಿದು ಓಡಿದೆ. ಆರನೇ ಸಾಲಿನಲ್ಲಿ, ಈ ಸಲ ನಾನು ಒಂದು ಚಿಟಿಕೆಯನ್ನೂ ಉದುರಿಸದ ಸಾಲಿನಲ್ಲಿ, ನಿನ್ನ ಕಿತ್ತಳೆ ಬಣ್ಣದ ನುಸಿಗಳು ಎಲೆಯಡಿ ಓಡಾಡುತ್ತಿವೆ. ಮೊದಲ ಸೀಸೆಯವುಗಳ ಮರಿಮಕ್ಕಳು. ಔಷಧಿಯನ್ನು ಹಿಂದಿನ ದಿನವೇ ಕಲಸಿಡಬಾರದು ಎಂದು ನನಗೆ ಕಲಿಸಿದವನು ನಾಲ್ಕು ದಿನ ಮುಂಚೆ ಟ್ಯಾಂಕು ತುಂಬಿಟ್ಟಿದ್ದ, ನನಗೆ ಹೊಳೆಯಲಿಲ್ಲ. ಮತ್ತೆ ಸೋಮವಾರ ಬರುತ್ತಿದೆ. ಟ್ಯಾಂಕಿಗೆ ನೀರು ತುಂಬಿಸಬೇಕೋ ಬೇಡವೋ ತಿಳಿಯುತ್ತಿಲ್ಲ. ನೀನೇ ಬಂದು, ಎಲೆ ತಿರುವಿ ನೋಡಿ, ಹೇಳು.