ಉದ್ಘಾಟನೆಗೆ ಎರಡು ದಿನ ಮೊದಲು

ಜೂನ್ 16, 1998
ಬೆಳಗಿನ ಡ್ಯೂಟಿ. ಹೆರಿಗೆ ವಾರ್ಡಿನಲ್ಲಿ ಏಳು ಮಂದಿ, ಮಂಚ ಆರು. ನಮ್ಮ ಡೈರೆಕ್ಟರ್ ಡಾಕ್ಟರ್ ತುಯೆಸ್ತಾ ಕರೆದರು. ಗೇಟಿನ ಬಳಿ ಆಸ್ಪತ್ರೆಯ ಚರಿತ್ರೆಯ ಬೋರ್ಡು ಹಾಕಿಸುತ್ತಾರಂತೆ.
“ಎರ್ಮೆಲಿಂದಾ ಸಿಸ್ಟರ್, ಇಪ್ಪತ್ತೊಂಬತ್ತು ವರ್ಷದಿಂದ ಇಲ್ಲಿದ್ದೀರಿ. ನೀವೇ ಬರ್ಕೊಡಿ.”
ಬರೆದೆ. 1949 — ಸನ್ಯಾಸಿನಿಯರು, ಹನ್ನೆರಡು ಮಂಚ, ತಗಡಿನ ಮಾಡು. 1961 — ಎಕ್ಸ್-ರೇ. 1974 — ರಕ್ತನಿಧಿ. 1995 — ಅರಿವಳಿಕೆ ಡಾಕ್ಟರ್ ಇಲ್ಲದೆ ಆಪರೇಷನ್ ಥಿಯೇಟರ್ ಬಂದ್.
“ಕೊನೇದು ಬೇಡ ಸಿಸ್ಟರ್.”
“ನಡೆದಿದ್ದೇ ಅಲ್ವಾ ಡಾಕ್ಟ್ರೇ?”
ಹಾಳೆ ಮಡಚಿ ಜೇಬಿಗಿಟ್ಟರು. ಆಮೇಲೆ ಆಪರೇಷನ್ನಿಗೆಂದು ಸಾಗಿಸುವಾಗ ರಾಜಧಾನಿಯ ದಾರಿಯಲ್ಲೇ ಪ್ರಾಣ ಬಿಟ್ಟ ಇಬ್ಬರು ಗರ್ಭಿಣಿಯರ ಹೆಸರು ನಾನೂ ಬರೆದಿರಲಿಲ್ಲ.

ಜೂನ್ 19
ಕೊನೆಗೂ ಅರಿವಳಿಕೆ ಡಾಕ್ಟರ್ ಬಂದರು. ಇಸೊಲಿನಾ ಪಿಂಚಿ. ಮೂವತ್ತೂ ಆಗಿಲ್ಲ. ಲಾರಿಯಲ್ಲಿ ಬಾಳೆಗೊನೆಗಳ ಮೇಲೆ ಕೂತು ಬಂದಿದ್ದಾರೆ, ಸೊಂಟ ಹಿಡಿದಿದೆ. ಥಿಯೇಟರಿಗೆ ಹೊಸ ದೀಪ, ಹೊಸ ಬಣ್ಣ. ಎಲ್ಲ ತೊಳೆದು ಸಿದ್ಧ. 24ಕ್ಕೆ, ಸಾನ್ ಹುವಾನ್ ಹಬ್ಬದ ದಿನ, ಮಂತ್ರಿಗಳಿಂದ ಉದ್ಘಾಟನೆ. ಬಾಗಿಲಿಗೆ ಈಗಲೇ ಕೆಂಪು ರಿಬ್ಬನ್ — ಡೈರೆಕ್ಟರ್ ತಾವೇ ಕಟ್ಟಿದ್ದು.

ಜೂನ್ 22, ಮಧ್ಯಾಹ್ನ
ಹತ್ತಕ್ಕೆ ದೋಣಿಯಲ್ಲಿ ನೆರಿದಾ ಸಂಗಾಮಾ ಬಂದಳು. ಚೊಚ್ಚಲು. ಮಗು ಅಡ್ಡ, ಎದೆಬಡಿತ ಕುಗ್ಗುತ್ತಿತ್ತು. ಕಳಿಸೋಣವೆಂದರೆ ಗುಡ್ಡ ಕುಸಿದು ರಸ್ತೆ ಬಂದ್.
“ಇಲ್ಲೇ ಮಾಡೋಣ” ಅಂದರು ಪಿಂಚಿ.
ಡೈರೆಕ್ಟರ್ ರಿಬ್ಬನ್ ಕಡೆ ನೋಡಿದರು. “ಮಂತ್ರಿಗಳು ಕತ್ತರಿಸ್ಬೇಕಾದ್ದು ಕಣಮ್ಮ.”
ನೆರಿದಾಳ ಅತ್ತೆ ಎದ್ದು ಬಂದಳು. “ಮಂತ್ರಿ ಹೆರಿಗೆ ಮಾಡಿಸ್ತಾನಾ ಡಾಕ್ಟ್ರೇ? ಹಂಗಾದ್ರೆ ಕರೀರಿ, ಕಾಯ್ತೀವಿ.”
ಜೇಬಿನಲ್ಲಿ ಬ್ಯಾಂಡೇಜ್ ಕತ್ತರಿ ಇತ್ತು. ಕತ್ತರಿಸಿಯೇ ಬಿಟ್ಟೆ. ಡೈರೆಕ್ಟರ್ ಕೈ ತೊಳೆಯಲು ಹೋದರು.
ಮೂರು ವರ್ಷದ ಮೇಲೆ ಚಾಕು ಹಿಡಿದದ್ದು ಅವರು. ಮೊದಲು ನಿಧಾನ... ಆಮೇಲೆ ಅದೇ ಹಳೆಯ ಕೈ. ಪಿಂಚಿ ಸೊಂಟದ ಕೆಳಗಷ್ಟೇ ಅರಿವಳಿಕೆ ಕೊಟ್ಟು, ನೆರಿದಾಳ ತಲೆಯ ಬಳಿ ಕೂತು ಅವಳ ಊರಿನ ಮೀನಿನ ಬಗ್ಗೆ ಮಾತಾಡಿಸುತ್ತಲೇ ಇದ್ದರು. 11:20ಕ್ಕೆ ಹೆಣ್ಣು. ಅಳಲಿಲ್ಲ. ಬೆನ್ನು ಉಜ್ಜಿದೆ, ಉಜ್ಜಿದೆ — ಅತ್ತಳು. ಮೂರು ಕಿಲೋ. ತಾಯಿ ಕ್ಷೇಮ. ಮಾಸ್ಕಿನ ಮೇಲೆ ಡೈರೆಕ್ಟರರ ಕಣ್ಣು ಒದ್ದೆ. ಬೆವರು ಅಂದರು.

ಜೂನ್ 24
ರಸ್ತೆ ತೆರೆದಿಲ್ಲ, ಮಂತ್ರಿ ಬರಲಿಲ್ಲ. ಅವರ ಕಡೆಯವರಿಗೆಂದು ಅನ್ನ, ಕೋಳಿ ಎಲೆಯಲ್ಲಿ ಕಟ್ಟಿ ಬೇಯಿಸಿದ್ದ ಅರವತ್ತು ಹುವಾನೆ ವಾರ್ಡುಗಳ ಪಾಲಾಯಿತು. ನೆರಿದಾಳ ಅತ್ತೆಯೊಬ್ಬಳೇ ಮೂರು. “ರಸ್ತೆ ಇನ್ನೆರಡು ದಿನ ಹಂಗೇ ಇರ್ಲಿ” ಅಂದಳು.
ಪಿಂಚಿ ಎಲೆ ಮಡಚುತ್ತಾ ಕೇಳಿದರು. “ಸಿಸ್ಟರ್, ಇಲ್ಲಿ ಬಾಡಿಗೆಗೆ ಕೋಣೆ ಸಿಗುತ್ತಾ?”
ಅವರ ನೇಮಕ ಮೂರು ತಿಂಗಳಿಗೆ ಮಾತ್ರ ಎಂದು ಎಲ್ಲರಿಗೂ ಗೊತ್ತು. “ಮೂರು ತಿಂಗ್ಳಿಗಾ?”
“ಅಲ್ಲ. ಅಮ್ಮನ್ನೂ ಕರ್ಕೊಂಡು ಬರೋಣ ಅಂತ.”
ನನ್ನ ಮನೆಯ ಮಹಡಿ ಖಾಲಿ ಇದೆ, ಕಿಟಕಿ ತೆರೆದರೆ ನದಿ — ಎನ್ನುವಷ್ಟರಲ್ಲಿ ವಾರ್ಡಿನ ಗಂಟೆ. ಅದು ಮುಗಿಸಿ ಈಗಷ್ಟೇ ಕೂತೆ. ನಾಳೆಯೇ ಮಹಡಿ ಗುಡಿಸಿ, ಹಳೇ ಮಂಚ ಇಳಿಸಿ, ಅವರ ತಾಯಿಗೆ ಕೆಳಗಿನ... ಮತ್ತೆ ಗಂಟೆ. ಪಿಂಚಿ ಆಗಲೇ ಓಡುತ್ತಿದ್ದಾರೆ, ನಾನೂ—